ಮರದ ಕಟ್ಟೆಗೆ ತೆಂಗಿನೆಣ್ಣೆ ಬೇಡ ಮಾರಾಯ್ರೆ

ಅಡುಗೆಮನೆಯ ಮರದ ಕಟ್ಟೆಗೆ ತಿಂಗಳಿಗೊಮ್ಮೆ ತೆಂಗಿನೆಣ್ಣೆ ಉಜ್ಜಿದ್ರೆ ಸಾಕು ಅಂತ ನಿಮ್ಮ ಲೇಖನದಲ್ಲಿ ಬರ್ದಿದ್ದೀರಲ್ಲ, ಅದೊಂದು ಒಪ್ಲಿಕ್ಕೆ ಆಗುದಿಲ್ಲ. ತೆಂಗಿನೆಣ್ಣೆ ಒಣಗುವ ಜಾತಿಯ ಎಣ್ಣೆಯೇ ಅಲ್ಲ, ಎಷ್ಟು ದಿನ ಬಿಟ್ರೂ ಜಿಡ್ಡು ಜಿಡ್ಡು, ಮೇಲಿಂದ ನಮ್ಮ ಮಂಗಳೂರಿನ ಆಟಿ ತಿಂಗಳ (ಜುಲೈ-ಆಗಸ್ಟಿನ ಜೋರು ಮಳೆಗಾಲದ) ಪಸೆಗೆ ಧೂಳು ಹಿಟ್ಟು ಎಲ್ಲ ಅಂಟಿಕೊಂಡು ಸಿಂಕಿನ ಬದಿಯಲ್ಲಿ ಬೂಸ್ಟು ಬರ್ತದೆ. ಅದ್ರ ಬದ್ಲಿಗೆ ಅಗಸೆ ಎಣ್ಣೆ ಆದ್ರೆ ನಿಧಾನಕ್ಕಾದ್ರೂ ಗಾಳಿಗೆ ಗಟ್ಟಿಯಾಗ್ತದೆ, ಮಳೆ ಹಿಡಿಯುವ ಮೊದ್ಲೇ ಎಪ್ರಿಲಲ್ಲಿ ತೆಳುವಾಗಿ ಹಚ್ಚಿ, ಸ್ವಲ್ಪ ಹೊತ್ತು ಬಿಟ್ಟು, ಹೆಚ್ಚಾದದ್ದನ್ನು ಪೂರ್ತಿ ಒರೆಸ್ಬೇಕು. ಪೈಂಟಿಗೆ ಹಾಕುವ ಬಾಯ್ಲ್ಡ್ ಲಿನ್‌ಸೀಡ್ (ಅದೂ ಅಗಸೆ ಎಣ್ಣೆಯೇ) ಅಡುಗೆಮನೆಗೆ ತರ್ಬೇಡಿ ಮತ್ತೆ, ಅದ್ರಲ್ಲಿ ಬೇಗ ಒಣಗ್ಲಿಕ್ಕೆ ಡ್ರೈಯರ್ ಅಂತ ಲೋಹ ಇರುವ ರಾಸಾಯನಿಕ ಸೇರಿಸಿರ್ತಾರೆ. ಇನ್ನೊಂದು, ಲೇಖನದಲ್ಲಿ ಬಿಟ್ಟೇ ಹೋಗಿದೆ: ಅಗಸೆ ಎಣ್ಣೆ ಒರೆಸಿದ ಬಟ್ಟೆಯನ್ನು ಮುದ್ದೆ ಮಾಡಿ ಮೂಲೆಗೆ ಬಿಸಾಡಿದ್ರೆ ತನ್ನಷ್ಟಕ್ಕೇ ಬಿಸಿಯಾಗಿ ಬೆಂಕಿ ಹಿಡೀಬಹುದು, ನೀರಲ್ಲಿ ಅದ್ದಿ ಹೊರಗೆ ಬಿಡಿಸಿ ಹಾಕಿ.