ಒಂದು ಡಿಎಲ್‌ಎಲ್ ಫೈಲಿಗೋಸ್ಕರ ಇಡೀ ಕಂಪ್ಯೂಟರ್ ಫಾರ್ಮ್ಯಾಟ್ ಮಾಡಿಬಿಟ್ರು

ಇದನ್ನು ಬರೀದಿದ್ರೆ ನನಗೆ ಇವತ್ತು ನಿದ್ದೆ ಬರುದಿಲ್ಲ ಮಾರಾಯ್ರೆ. ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕದ ಹತ್ರ ನನ್ನದೊಂದು ಸಣ್ಣ ಡಿಟಿಪಿ ಅಂಗಡಿ ಉಂಟು, ಮದುವೆ ಕಾಗದ, ತಾಳಮದ್ದಳೆ ನೋಟೀಸು, ಬ್ರಹ್ಮಕಲಶದ ಆಮಂತ್ರಣ ಎಲ್ಲ ಕನ್ನಡದಲ್ಲಿ ಮಾಡಿ ಕೊಡುದು. ಕಂಪ್ಯೂಟರ್ ಸ್ಲೋ ಆಗ್ತದೆ ಅಂತ ಪೇಟೆಯ ಒಂದು ರಿಪೇರಿ ಅಂಗಡಿಗೆ ಕೊಟ್ಟೆ. ಅವ ಕಂಟ್ರೋಲ್ ಪ್ಯಾನೆಲ್ ತೆಗ್ದು, ಅದ್ರಲ್ಲಿ ಮೈಕ್ರೋಸಾಫ್ಟ್ ವಿಷುವಲ್ ಸಿ ಪ್ಲಸ್ ಪ್ಲಸ್ 2008, 2010, 2013, 2015-2022 ಅಂತ ಸಾಲಾಗಿ ಇರ್ತದಲ್ಲ, ಅದನ್ನೆಲ್ಲ "ಒಂದೇ ಸಾಮಾನು ಏಳೆಂಟು ಸಲ ಉಂಟು, ವೇಸ್ಟ್" ಅಂತ ಹೇಳಿ ತೆಗ್ದು ಹಾಕಿದ.

ವೇಸ್ಟ್ ಅಂತೆ! ದೇವಸ್ಥಾನದಲ್ಲಿ ದೊಡ್ಡ ದೊಡ್ಡ ಪಾತ್ರೆ ಇರ್ತದಲ್ಲ, ಊರಲ್ಲಿ ಯಾರ ಮನೆ ಜಂಬ್ರ ಆದ್ರೂ ಅದನ್ನೇ ತಂದು ಅನ್ನ ಬೇಯಿಸುದು, ಮನೆಗೊಂದು ಅಂತ ಯಾರೂ ತೆಗೊಳ್ಳುದಿಲ್ಲ. ಅವ ತೆಗ್ದು ಹಾಕಿದ್ದು ಡಿಎಲ್‌ಎಲ್ ಫೈಲುಗಳ ಕಟ್ಟು, ಈ ಡಿಎಲ್‌ಎಲ್ ಅಂದ್ರೆ ಅದೇ ಪಾತ್ರೆಯ ಹಾಗೆ. ಹತ್ತಾರು ಸಾಫ್ಟ್‌ವೇರಿಗೆ ಬೇಕಾದ ಕೆಲಸವನ್ನು ಒಂದು ಫೈಲಲ್ಲಿ ಬರ್ದು ಇಟ್ಟಿರ್ತಾರೆ, ಬೇಕಾದವ ಬಂದು ಉಪಯೋಗಿಸಿಕೊಳ್ತಾನೆ. ಇಸವಿ ಬೇರೆ ಬೇರೆ ಇರುದು ಕೂಡ ಸುಮ್ಮನೆ ಅಲ್ಲ, 2010ರದ್ದು ಬೇಕು ಅನ್ನುವ ಸಾಫ್ಟ್‌ವೇರಿಗೆ 2013ರದ್ದು ಕೊಟ್ರೆ ನಡಿಯುದಿಲ್ಲ.

ಮರುದಿನ ಬೆಳಿಗ್ಗೆ ಪೇಜ್ ಮಾಡುವ ಸಾಫ್ಟ್‌ವೇರ್ ಓಪನ್ ಮಾಡಿದ್ರೆ ಕೆಂಪು ಗುರುತಿನ ಒಂದು ಪೆಟ್ಟಿಗೆ, ಎಂಎಸ್‌ವಿಸಿಪಿ140.ಡಿಎಲ್‌ಎಲ್ (ಅವ ತೆಗ್ದು ಹಾಕಿದ 2015-2022ರ ಕಟ್ಟಿನದ್ದೇ) ಸಿಗ್ಲಿಲ್ಲ, ಪ್ರೋಗ್ರಾಂ ಪುನಃ ಇನ್‌ಸ್ಟಾಲ್ ಮಾಡಿದ್ರೆ ಸರಿ ಆಗಬಹುದು ಅಂತ. ಭಾವ ಫೋನಲ್ಲಿ ಹೇಳಿದ ಅಂತ ಯಾವುದೋ ಸೈಟಿಂದ ಆ ಒಂದು ಫೈಲ್ ಮಾತ್ರ ಇಳಿಸಿ ವಿಂಡೋಸಿನ ಸಿಸ್ಟಮ್32 ಫೋಲ್ಡರಿಗೆ ಹಾಕಿದೆ, ಆಗ 0ಎಕ್ಸ್‌ಸಿ000007ಬಿ ಅಂತ ಬೇರೆ ಎರರ್. ಯಾಕೆ ಅಂತ ಆಮೇಲೆ ಗೊತ್ತಾದದ್ದು, 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಅನ್ನುವ ಫೋಲ್ಡರಿನಲ್ಲಿ ಇರುದು 64 ಬಿಟ್ ಫೈಲು, 32 ಬಿಟ್ಟಿನದ್ದು ಇರುದು ಸಿಸ್‌ವಾವ್64ರಲ್ಲಿ. ಹೆಸರು ನೋಡಿದ್ರೆ ಪೂರಾ ಉಲ್ಟಾ! ನಾನು ಹಾಕಿದ್ದು 32ರದ್ದು. ಅಂಥ ಸೈಟಲ್ಲಿ ಫೈಲಿನ ಜೊತೆ ವೈರಸ್ ಕೂಡ ಬರಬಹುದು, ದಯವಿಟ್ಟು ಯಾರೂ ಇಳಿಸ್ಬೇಡಿ.

ಪುನಃ ಅದೇ ಅಂಗಡಿಗೆ ತೆಗೊಂಡು ಹೋದೆ. ಆ ಪೆಟ್ಟಿಗೆಯಲ್ಲಿ ಎಂತ ಬರ್ದಿದೆ ಅಂತ ಅವ ಓದ್ಲೇ ಇಲ್ಲ, ಓಕೆ ಒತ್ತಿದ. ಸಂಜೆ ಫೋನ್ ಬಂತು, "ಫಾರ್ಮ್ಯಾಟ್ ಮಾಡಿದ್ದೇನೆ, 900 ರೂಪಾಯಿ". ಕೇಳ್ಬೇಕು ಅಂತ ಇಲ್ವಾ? ಡೆಸ್ಕ್‌ಟಾಪಲ್ಲಿ ಬ್ರಹ್ಮಕಲಶದ ಪುಸ್ತಕ 24 ಪುಟ ಸೆಟ್ ಮಾಡಿ ಇಟ್ಟದ್ದು ಹೋಯ್ತು, ಕನ್ನಡ ಟೈಪ್ ಮಾಡುವ ನುಡಿ ಸಾಫ್ಟ್‌ವೇರ್ ಹೋಯ್ತು, ಹತ್ತು ವರ್ಷದಿಂದ ಒಂದೊಂದಾಗಿ ಸೇರಿಸಿಕೊಂಡ ಕನ್ನಡ ಫಾಂಟ್ ಪೂರಾ ಹೋಯ್ತು, ಕೀಬೋರ್ಡಲ್ಲಿ ಮಲಯಾಳ ಹಾಕಿ ಕೊಟ್ಟಿದ್ದಾನೆ, ಕನ್ನಡ ಇಲ್ಲ. ಕಾಸರಗೋಡಲ್ಲಿ ಕನ್ನಡದಲ್ಲಿ ಟೈಪ್ ಮಾಡಿ ಹೊಟ್ಟೆ ಹೊರೆಯುವವರು ಇದ್ದಾರೆ ಅಂತ ಇವರಿಗೆ ಯಾವಾಗ ಗೊತ್ತಾಗುದು?

ಇಷ್ಟೆಲ್ಲ ಆಗಿ, ಮನೆಗೆ ತಂದು ಸಾಫ್ಟ್‌ವೇರ್ ಹಾಕಿದ್ರೆ ಪುನಃ ಅದೇ ಪೆಟ್ಟಿಗೆ, ಅದೇ ಎಂಎಸ್‌ವಿಸಿಪಿ140! ಹೊಸ ವಿಂಡೋಸಲ್ಲೂ ಆ ಫೈಲ್ ಇರ್ಲಿಲ್ಲ.

ಕೊನೆಗೆ ಮಂಗಳೂರಲ್ಲಿ ಓದುವ ನಮ್ಮ ನೆರೆಮನೆ ಹುಡುಗಿ ಫೋನಲ್ಲಿ ಹೇಳಿಕೊಟ್ಟಳು. ಮೈಕ್ರೋಸಾಫ್ಟಿನದ್ದೇ ಸೈಟಲ್ಲಿ ವಿಷುವಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟೆಬಲ್ ಅಂತ ಉಂಟು, ಎಕ್ಸ್64 (64 ಬಿಟ್ಟಿನದ್ದು) ಮತ್ತು ಎಕ್ಸ್86 (32 ಬಿಟ್ಟಿನದ್ದು) ಎರಡೂ ಹಾಕಿ, ರೀಸ್ಟಾರ್ಟ್ ಮಾಡಿ ಅಂತ. ವಿಂಡೋಸ್ 64 ಬಿಟ್ ಆದ್ರೂ ಹಳೇ 32 ಬಿಟ್ ಸಾಫ್ಟ್‌ವೇರಿಗೆ ಎಕ್ಸ್86 ಬೇಕೇ ಬೇಕಂತೆ. ಒಂದು ರೂಪಾಯಿ ಖರ್ಚಿಲ್ಲ, ಐದು ನಿಮಿಷ, ಸಾಫ್ಟ್‌ವೇರ್ ಓಪನ್ ಆಯ್ತು. ಕಾಣೆಯಾದ ಫೈಲ್ ವಿಂಡೋಸಿನದ್ದೇ ಆದ್ರೆ ಕಮಾಂಡ್ ಪ್ರಾಂಪ್ಟನ್ನು ಅಡ್ಮಿನ್ ಆಗಿ ತೆಗ್ದು, ವಿಂಡೋಸಿನ ಹಾಳಾದ ಫೈಲನ್ನು ಹುಡುಕಿ ಸರಿ ಮಾಡುವ ಎಸ್ಎಫ್‌ಸಿ ಸ್ಕ್ಯಾನ್‌ನೌ ಓಡಿಸ್ಬೇಕು, ಕೆಲವು ಸಲ ಆ್ಯಂಟಿವೈರಸ್ ಕೂಡ ಫೈಲನ್ನು ಎತ್ತಿ ಕ್ವಾರಂಟೈನಲ್ಲಿ, ಅಂದ್ರೆ ಬೇರೆಯೇ ಬೀಗ ಹಾಕಿದ ಹಾಗೆ, ಇಟ್ಟಿರ್ತದೆ, ಅದನ್ನೂ ನೋಡ್ಬೇಕು ಅಂದಳು. ಇದೆಲ್ಲ ಆಗಿ ಸರಿ ಆಗದಿದ್ರೆ ಆಮೇಲೆ ಫಾರ್ಮ್ಯಾಟಿನ ಮಾತು, ಅದೂ ನಮ್ಮ ಫೈಲ್ ಪೂರಾ ಕಾಪಿ ತೆಗ್ದ ಮೇಲೆ.

ರಾತ್ರಿ ಹನ್ನೊಂದೂವರೆ ಆಯ್ತು, ಹಳೇ ಪ್ರೂಫ್ ಪ್ರಿಂಟ್ ಪಕ್ಕದಲ್ಲಿಟ್ಟು ಪುನಃ ಟೈಪ್ ಮಾಡ್ತಾ ಇದ್ದೇನೆ, ಒಂಬತ್ತನೇ ಪುಟ. ಗುರುವಾರ ಸಮಿತಿಯವರಿಗೆ ಪುಸ್ತಕ ಕೊಡ್ಬೇಕು. ನಾಳೆ ಬೆಳಿಗ್ಗೆ ನನ್ನ ಅಂಗಡಿ ಬಾಗಿಲು ತೆಗಿಯುವ ಮೊದಲು ಆ 900 ರೂಪಾಯಿ ವಾಪಸ್ ಕೇಳ್ಲಿಕ್ಕೆ ಹೋಗ್ತೇನೆ.