ಬರೆದವನು ಸಿಗಲಿಲ್ಲ, ಮಾರಿದವನು ಸತ್ತ

ಟಿಪ್ಪುವಿಗೆ ಪತ್ರ ಬರೆದವನು ಅಂತ ನೆಪೋಲಿಯನ್ ಮೇಲೆ ನಮ್ಮ ಕಡೆ ಒಂದು ಮೆಚ್ಚುಗೆ ಇದೆ. 1799ರ ಜನವರಿಯಲ್ಲಿ ಈಜಿಪ್ಟಿನಿಂದ ಬರೆದದ್ದು. ಇಂಗ್ಲಿಷರ ಹಿಡಿತದಿಂದ ನಿಮ್ಮನ್ನು ಬಿಡಿಸುತ್ತೇನೆ ಅಂತ ಮಾತು ಕೊಟ್ಟಿದ್ದ. ಅದು ದಾರಿಯಲ್ಲೇ ಬ್ರಿಟಿಷರ ಕೈಗೆ ಸಿಕ್ಕಿತು, ಆ ಮಾತು ಬೇರೆ. ಇದಾಗಿ ಏಳು ವರ್ಷಕ್ಕೆ ಇದೇ ನೆಪೋಲಿಯನ್ ಒಬ್ಬ ಪುಸ್ತಕದಂಗಡಿಯವನನ್ನು ಗುಂಡಿಕ್ಕಿ ಕೊಲ್ಲಿಸಿದ. ಆ ಕಥೆ ನಮ್ಮಲ್ಲಿ ಅಷ್ಟಾಗಿ ಯಾರಿಗೂ ಗೊತ್ತಿಲ್ಲ.

ಅವನ ಹೆಸರು ಯೋಹಾನ್ ಫಿಲಿಪ್ ಪಾಮ್. ಹುಟ್ಟಿದ್ದು ಜರ್ಮನಿಯ ವುರ್ಟೆಂಬರ್ಗ್‌ನ ಶೋರ್ನ್‌ಡಾರ್ಫ್‌ನಲ್ಲಿ. ಎರ್ಲಾಂಗೆನ್‌ನಲ್ಲಿ ಚಿಕ್ಕಪ್ಪನ ಅಂಗಡಿಯಲ್ಲಿ ಕೆಲಸ ಕಲಿತ. ನ್ಯೂರಂಬರ್ಗ್‌ನ ಪುಸ್ತಕ ವ್ಯಾಪಾರಿ ಸ್ಟೈನ್ ಅವರ ಮಗಳನ್ನು ಮದುವೆಯಾಗಿ, ಮಾವನ ಅಂಗಡಿಯನ್ನೇ ನಡೆಸತೊಡಗಿದ. ಆಗ ಅಲ್ಲಿ ಪುಸ್ತಕ ಮಾರುವವನೇ ಪ್ರಕಾಶಕನೂ ಆಗಿರುತ್ತಿದ್ದ. ಬೇರೆಯವರ ಕಟ್ಟುಗಳನ್ನು ಊರಿಂದೂರಿಗೆ ಸಾಗಿಸುವುದೂ ಅದೇ ಕಸುಬಿನ ಭಾಗ. ಒಟ್ಟಿನಲ್ಲಿ ತನ್ನ ಪಾಡಿಗೆ ತಾನಿದ್ದ ವ್ಯಾಪಾರಿ.

1806ರಲ್ಲಿ ‘ಆಳದ ಅವಮಾನದಲ್ಲಿ ಜರ್ಮನಿ’ ಎಂಬ ಅರ್ಥದ ಹೆಸರಿನ ಕಿರುಪುಸ್ತಕವೊಂದು ಹೊರಬಂತು. ಲೇಖಕನ ಹೆಸರಿಲ್ಲ. ಫ್ರೆಂಚ್ ಸೈನಿಕರ ಹಾವಳಿಯನ್ನೂ ನೆಪೋಲಿಯನ್‌ಗೆ ತಲೆಬಾಗಿದ ಜರ್ಮನ್ ದೊರೆಗಳನ್ನೂ ಅದು ಚೆನ್ನಾಗಿ ತರಾಟೆಗೆ ತೆಗೆದುಕೊಂಡಿತ್ತು. ಪಾಮ್ ಅಂಗಡಿಯಿಂದ ಅದರ ಪ್ರತಿಗಳು ಔಗ್ಸ್‌ಬರ್ಗ್‌ನ ಇನ್ನೊಂದು ಅಂಗಡಿಗೆ ಹೋದವು. ಅಲ್ಲಿಂದ ಫ್ರೆಂಚ್ ಅಧಿಕಾರಿಗಳ ಕಣ್ಣಿಗೆ ಬಿತ್ತು.

ಆಗಸ್ಟ್ 5ರಂದು ನೆಪೋಲಿಯನ್ ತನ್ನ ಸೇನಾನಿ ಬರ್ತಿಯೇಗೆ ಪತ್ರ ಬರೆದ. ಔಗ್ಸ್‌ಬರ್ಗ್ ಮತ್ತು ನ್ಯೂರಂಬರ್ಗ್‌ನ ಪುಸ್ತಕ ವ್ಯಾಪಾರಿಗಳನ್ನು ಹಿಡಿದು, ಸೇನಾ ನ್ಯಾಯಾಲಯದ ಮುಂದೆ ನಿಲ್ಲಿಸಿ, 24 ಗಂಟೆಯೊಳಗೆ ಗುಂಡಿಕ್ಕಿ ಅಂತ. ಗಮನಿಸಿ, ವಿಚಾರಣೆಗೆ ಮೊದಲೇ ತೀರ್ಪು ಬಂದಾಗಿತ್ತು. ಪಾಮ್ ನೆಪೋಲಿಯನ್‌ನ ಪ್ರಜೆಯೂ ಅಲ್ಲ. ನ್ಯೂರಂಬರ್ಗ್ ಆಗಿನ್ನೂ ಹೆಸರಿಗಾದರೂ ಸ್ವತಂತ್ರ ನಗರ. ಫ್ರೆಂಚ್ ಸೈನ್ಯ ಬಂದು ಕೂತಿತ್ತು, ಅಷ್ಟೇ.

ಪಾಮ್ ತಪ್ಪಿಸಿಕೊಳ್ಳಬಹುದಿತ್ತು. ಎರ್ಲಾಂಗೆನ್ ಹತ್ತಿರದಲ್ಲೇ ಇತ್ತು, ಅದು ಫ್ರೆಂಚರದ್ದಲ್ಲ, ಪ್ರಷ್ಯಾ ಎಂಬ ಇನ್ನೊಂದು ಜರ್ಮನ್ ರಾಜ್ಯದ ಕೈಯಲ್ಲಿತ್ತು. ಅಲ್ಲಿಗೆ ಹೋಗಿದ್ದವನು ಹೆಂಡತಿ ಮಕ್ಕಳ ಬಳಿಗೆ ವಾಪಸ್ ಬಂದ. ಸಹಾಯ ಕೇಳಿಕೊಂಡು ಬಂದ ಬಡ ಹುಡುಗನೊಬ್ಬನ ನೆಪದಲ್ಲಿ ಅವನ ಅಡಗುತಾಣ ಪತ್ತೆ ಹಚ್ಚಿದರು ಅಂತ ಒಂದು ಕಥೆಯಿದೆ. ಹೇಗೋ ಸಿಕ್ಕಿಬಿದ್ದ. ಫ್ರೆಂಚರು ಬಿಟ್ಟುಕೊಡದೆ ಕೂತಿದ್ದ ಆಸ್ಟ್ರಿಯಾದ ಬ್ರೌನೌ ಊರಿಗೆ ಕರೆದೊಯ್ದರು. ಅವನ ಪರ ವಾದಿಸಲು ವಕೀಲರೇ ಇರಲಿಲ್ಲ. ಬರೆದವನ ಹೆಸರು ಕೇಳಿದರು, ಪಾಮ್ ಹೇಳಲಿಲ್ಲ. ಆಗಸ್ಟ್ 26ರಂದು ಗುಂಡಿಕ್ಕಿದರು. ಅವನಿಗೆ ಆಗ ನಲವತ್ತೂ ತುಂಬಿರಲಿಲ್ಲ.

ಇದರಲ್ಲಿ ನನಗೆ ತುಂಬಾ ಕಾಡುವುದು ಆ ಲೇಖಕ. ಇವತ್ತಿಗೂ ಅವನು ಯಾರೆಂದು ಖಚಿತವಿಲ್ಲ. ಒಂದೆರಡು ಹೆಸರುಗಳ ಮೇಲೆ ಅನುಮಾನವಿದೆ, ಅಷ್ಟೇ. ಅವನು ಮುಂದೆ ಬಂದಿದ್ದರೆ ಪಾಮ್ ಉಳಿಯುತ್ತಿದ್ದ ಅಂತ ನಾನು ಹೇಳುವುದಿಲ್ಲ, ಬಹುಶಃ ಇಬ್ಬರೂ ಸಾಯುತ್ತಿದ್ದರು. ಆದರೆ ಬರೆಯುವವನು ಹೆಸರು ಮುಚ್ಚಿಡಬಹುದು, ಅಂಗಡಿಯವನು ಬೋರ್ಡನ್ನು ಎಲ್ಲಿ ಮುಚ್ಚಿಡುತ್ತಾನೆ? ವಿಳಾಸ ಇದ್ದವನೇ ಸಿಕ್ಕಿಬೀಳುವುದು ಅಲ್ವಾ? ಬರಹಗಾರರ ಧೈರ್ಯದ ಬಗ್ಗೆ ಪುಟಗಟ್ಟಲೆ ಬರೆಯುವ ನಾವು, ಮುದ್ರಿಸಿದವನು, ಕಟ್ಟು ಕಟ್ಟಿದವನು, ಮಾರಿದವನು ಹೊತ್ತ ಅಪಾಯವನ್ನು ಲೆಕ್ಕಕ್ಕೇ ಹಿಡಿಯುವುದಿಲ್ಲ.

ಲಂಡನ್ನಿನ ಸಾಹಿತಿಗಳ ಒಂದು ಔತಣದ ಕಥೆ ಹೇಳುತ್ತಾರೆ. ಕವಿ ಥಾಮಸ್ ಕ್ಯಾಂಪ್‌ಬೆಲ್ ಎದ್ದು ನಿಂತು ನೆಪೋಲಿಯನ್ ಹೆಸರಲ್ಲಿ ಗ್ಲಾಸ್ ಎತ್ತಿದನಂತೆ. ಎಲ್ಲರೂ ಸಿಟ್ಟಾದರು. ‘ಅವನು ನಮ್ಮ ಶತ್ರು, ಒಪ್ಪುತ್ತೇನೆ. ಆದರೆ ಒಬ್ಬ ಪ್ರಕಾಶಕನನ್ನು ಕೊಂದಿದ್ದಾನಲ್ಲ’ ಅಂದನಂತೆ! ರಾಯಲ್ಟಿಗಾಗಿ ಅಲೆದವರಿಗೆ ನಗು ಬರುತ್ತದೆ. ನನಗೂ ಬಂತು, ಸುಳ್ಳು ಯಾಕೆ.

ಆಮೇಲೆ ಪಾಮ್‌ನನ್ನು ರಾಷ್ಟ್ರವೀರ ಮಾಡಿದರು. 1866ರಲ್ಲಿ ಬ್ರೌನೌನಲ್ಲಿ ಪ್ರತಿಮೆ ನಿಂತಿತು. ಅದೇ ಊರಲ್ಲಿ ಹುಟ್ಟಿದ ಹಿಟ್ಲರ್ ತನ್ನ ಪುಸ್ತಕದ ಮೊದಲ ಪುಟಗಳಲ್ಲೇ ಪಾಮ್‌ನನ್ನು ಎಳೆದು ತಂದ. ಪುಸ್ತಕ ಸುಡಿಸಿದ ಪಕ್ಷದ ನಾಯಕ, ಪುಸ್ತಕ ಮಾರಿ ಸತ್ತವನನ್ನು ಹೊಗಳುವುದು! ಸತ್ತವರು ಬಂದು ಬೇಡ ಅನ್ನುವಂತಿಲ್ಲ.

ಈಗ ಶೋರ್ನ್‌ಡಾರ್ಫ್‌ನಲ್ಲಿ ಪಾಮ್ ಹೆಸರಿನಲ್ಲಿ ಪತ್ರಿಕಾ ಸ್ವಾತಂತ್ರ್ಯದ ಪ್ರಶಸ್ತಿಯೊಂದನ್ನು ಕೊಡುತ್ತಾರೆ. ಆ ಹೆಸರನ್ನು ಬಳಸುವುದಾದರೆ ಅದಕ್ಕೇ ಬಳಸಬೇಕು.