ಎಷ್ಟು ಸರ್ತಿ ಕುಂತ್ರ ಹುಲಿಗಿ?

ರಾತ್ರಿ ಊಟಕ್ಕೆ ಕೂತಾಗ ಮಗಳು ಕೇಳಿದಳು: “ಅಪ್ಪಾ, ಲಾರ್ ಅಂದ್ರ ಗೊತ್ತೇನು?”

ನಾನು ಬಾಯಿ ತೆರೆಯುವ ಮೊದಲೇ, ಮೂಲೆಯಲ್ಲಿ ಎಲೆಗೆ ಸುಣ್ಣ ಹಚ್ಚುತ್ತಿದ್ದ ಅವ್ವ, “ಲಾರಿನಾ? ಯಾವ ಲಾರಿ? ಬಳ್ಳಾರಿ ಅದಿರಿನ ಲಾರಿನಾ?” ಅಂದಳು. ಒಂದು ಕಾಲಕ್ಕೆ ಹೊಸಪೇಟೆ ರಸ್ತೆಯ ತುಂಬ ಕೆಂಪು ಧೂಳೆಬ್ಬಿಸಿ ಓಡುತ್ತಿದ್ದ ಲಾರಿಗಳನ್ನು ಆಕೆ ಇನ್ನೂ ಮರೆತಿಲ್ಲ.

ಲಾರಿ ಅಲ್ಲ, ಲಾರ್. ಟೋಲ್ಕಿನ್ ಎಂಬ ಇಂಗ್ಲಿಷ್ ಲೇಖಕ ಕಟ್ಟಿದ ಕಲ್ಪನಾಲೋಕದಲ್ಲಿ ನೂಮೆನೋರ್ ಅಂತ ಒಂದು ದ್ವೀಪರಾಜ್ಯ. ಅಲ್ಲಿಯ ಜನ ದಾರಿ ಅಳೆಯುತ್ತಿದ್ದ ಮಾನ ಅದು. ಅವರ ಒಂದು ಪೂರ್ತಿ ಹೆಜ್ಜೆಗೆ ರಂಗಾ ಅಂತ ಹೆಸರು, ಸುಮಾರು 38 ಇಂಚು. ಎರಡು ರಂಗಾ ಸೇರಿದರೆ ಒಂದು ಆಳುದ್ದ, ಅಂದರೆ 6 ಅಡಿ 4 ಇಂಚು. ನಮ್ಮ ಮನೆಯ ಬಾಗಿಲಲ್ಲಿ ತಲೆ ತಗ್ಗಿಸದೆ ಒಳಗೆ ಬರಲಾರದ ಜನ! ಇಂಥ 5,000 ಹೆಜ್ಜೆಗೆ ಒಂದು ಲಾರ್. ಲೆಕ್ಕ ಹಾಕಿದರೆ ಮೂರು ಮೈಲಿಗೆ ಎರಡೇ ಗಜ ಚಿಲ್ಲರೆ ಕಡಿಮೆ. ಟೋಲ್ಕಿನ್ 1973ರಲ್ಲಿ ತೀರಿಕೊಂಡರು. ಅವರ ಹಸ್ತಪ್ರತಿಗಳಲ್ಲಿದ್ದ ಈ ಲೆಕ್ಕವನ್ನು ಮಗ ಕ್ರಿಸ್ಟೋಫರ್ 1980ರಲ್ಲಿ ಅಚ್ಚು ಹಾಕಿಸಿದರು. ಇಲ್ಲದ ದೇಶದ ರಸ್ತೆಗೆ ಗಜ, ಅಡಿ, ಇಂಚಿನವರೆಗೆ ಲೆಕ್ಕ ಇಟ್ಟಿದ್ದಾರೆ ಪುಣ್ಯಾತ್ಮರು. ಇರುವ ದೇಶದಲ್ಲಿ ನನ್ನ ಹೊಲದ ಬದು ಎಲ್ಲಿಗೆ ಮುಗಿಯುತ್ತದೆ ಅನ್ನುವುದು ಮೂರು ಸಲ ಅಳತೆ ಮಾಡಿಸಿದರೂ ಇತ್ಯರ್ಥವಾಗಿಲ್ಲ, ಇರಲಿ.

ಮೂರು ಮೈಲಿ ಅಂದಕೂಡಲೇ ನನಗೆ ಹರದಾರಿ ನೆನಪಾಯಿತು. ನಮ್ಮ ಹಿರಿಯರ ಹರದಾರಿಯೂ ಸುಮಾರು ಮೂರು ಮೈಲಿಯೇ. ಅಲ್ಲೆಲ್ಲೋ ಕೂತು ಮನಸ್ಸಿನೊಳಗೆ ರಾಜ್ಯ ಕಟ್ಟಿದ ಪಂಡಿತನಿಗೂ, ಇಲ್ಲಿ ಚಕ್ಕಡಿಯ ಹಿಂದೆ ನಡೆದ ನಮ್ಮ ಮುತ್ತಜ್ಜನಿಗೂ ಒಂದೇ ಅಳತೆ ಹೊಳೆದದ್ದು ಹೇಗೆ? ಕಾಲಿಗೆ ನೋವು ಎಲ್ಲ ಕಡೆಯೂ ಅಲ್ಲಿಗೇ ಶುರುವಾಗುತ್ತದೆ ಅಂತ ಕಾಣುತ್ತದೆ.

ಇದು ನನ್ನ ಊಹೆಯಷ್ಟೇ ಅಲ್ಲ. ಲಾರ್ ಅನ್ನುವ ಮಾತಿನ ಅರ್ಥವೇ ನಿಲುಗಡೆ ಅಂತೆ. ತೀರಾ ಅವಸರದ ನಡಿಗೆ ಬಿಟ್ಟರೆ, ಅಷ್ಟು ದೂರ ಬಂದ ಮೇಲೆ ನೂಮೆನೋರಿನವರ ದಂಡು ತುಸು ನಿಂತು ದಣಿವಾರಿಸಿಕೊಳ್ಳುತ್ತಿತ್ತು. ದಿನಕ್ಕೆ ಎಂಟು ಲಾರ್. ಲಾರ್‌ಗೊಂದು ಸಣ್ಣ ವಿಶ್ರಾಂತಿ, ನಡುಹಗಲಿಗೆ ಒಂದು ತಾಸು. ದಣಿವಾರಿಸಿಕೊಳ್ಳುವುದಕ್ಕೆ ಇದ್ದ ಹೆಸರೇ ದೂರಕ್ಕೂ ಬಂತು.

“ಇದಕ್ಕೇನು ಪುಸ್ತಕ ಬೇಕೇನಬೇ?” ಅಂದಳು ಅವ್ವ. “ಹುಲಿಗಿಗೆ ಹೋಗುವಾಗ ನಾವೂ ಹಂಗ ಅಳಿತಿದ್ವಿ.”

ಹೌದು, ಅಳೆಯುತ್ತಿದ್ದಳು. ನನಗಾಗ ಆರೋ ಏಳೋ ವರ್ಷ. ಗಂಗಾವತಿ ಕಡೆಯ ನಮ್ಮೂರಿಂದ ಹುಣ್ಣಿಮೆಗೆ ಹುಲಿಗೆಮ್ಮನ ದರ್ಶನಕ್ಕೆ ಓಣಿಯ ಹೆಂಗಸರೆಲ್ಲ ಬೆಳ್ಳಿ ಮೂಡುವ ಹೊತ್ತಿಗೆ ಹೊರಡುತ್ತಿದ್ದರು. ಅವ್ವನ ತಲೆಯ ಮೇಲೆ ಕಡಕ್ ರೊಟ್ಟಿ, ಗುರೆಳ್ಳು ಚಟ್ನಿಯ ಗಂಟು, ಸೊಂಟದ ಮೇಲೆ ತಂಗಿ. “ಇನ್ನ ಎಷ್ಟು ದೂರ ಐತವ್ವಾ?” ಅಂತ ಕೇಳಿದರೆ ಮೈಲಿ ಹೇಳುತ್ತಿರಲಿಲ್ಲ. “ಇನ್ನ ಎರಡ ಸರ್ತಿ ಕುಂತ್ರ ಹುಲಿಗಿ ಬಂತ” ಅನ್ನುತ್ತಿದ್ದಳು. ಬೇವಿನ ಮರವೋ ಕಾಲುವೆ ಸೇತುವೆಯೋ ಬಂದರೆ ಗಂಟಿಳಿಸಿ, ಸಿಂಬೆಯನ್ನೇ ಕೆಳಗೆ ಹಾಕಿಕೊಂಡು ಕೂರುತ್ತಿದ್ದಳು. ಕಾಲುಂಗುರ ಸರಿಸಿ, ಅದು ಒತ್ತಿ ಕೆಂಪಾದ ಕಡೆ ಬೆರಳಿನಿಂದ ಉಗುಳು ಹಚ್ಚಿಕೊಳ್ಳುತ್ತಿದ್ದಳು. ಆಮೇಲೆಯೇ ನಮಗೆ ನೀರು.

ಆದರೆ ಅವ್ವನ ಮಾನ ಲಾರ್‌ನಂತೆ ಸಮ ಇರಲಿಲ್ಲ. ಮೊದಲ ಕೂರು ಬಲು ದೂರ. ಬಿಸಿಲೇರಿದಂತೆ ಗಿಡ್ಡವಾಗುತ್ತ ಬರುತ್ತಿತ್ತು. ಕೊನೆಯದಂತೂ ಗುಡಿ ಕಾಣಿಸಿದ ಮೇಲೆ, ತಲೆ ಬಾಚಿಕೊಳ್ಳುವ ನೆಪಕ್ಕೆ. ಆ ದಂಡಿನವರ ಸೊಂಟದ ಮೇಲೆ ಕೂಸು ಇರಲಿಲ್ಲವಲ್ಲ, ಸಮವಾಗಿ ನಡೆದರು.

ನಮ್ಮ ಕಡೆ ಅಳತೆಗಳೆಲ್ಲ ಹೀಗೆ ಮೈಗೆ ಅಂಟಿಕೊಂಡೇ ಇದ್ದವು. ಕೂಗಿದರೆ ಕೇಳಿಸುವಷ್ಟು ದೂರ ಕೂಗಳತೆ. ಬಿತ್ತುವ ಕೂರಿಗೆಯ ಹೆಸರೇ ಹೊಲಕ್ಕೂ. ಒಂದು ಕೂರಿಗಿ ಹೊಲ ಅಂದರೆ ಸುಮಾರು ನಾಲ್ಕು ಎಕರೆ. ಭತ್ತದ ಮಾತು ಬಂದರೆ ಈಗಲೂ ಚೀಲವೇ, 75 ಕಿಲೋದ್ದು. ಎತ್ತಿದ ಹಮಾಲರ ಬೆನ್ನಿಗೆ ಗೊತ್ತು.

ಯಾರ ಮೈಗೂ ಅಂಟದ ಮಾನವೂ ಒಂದಿದೆ: ಟಿಎಂಸಿ. ಮಳೆಗಾಲ ಬಂತೆಂದರೆ ಕೊಪ್ಪಳದಿಂದ ಸಿಂಧನೂರಿನವರೆಗೆ ಚಹಾದಂಗಡಿಯಲ್ಲಿ ಅದರದೇ ಮಾತು. ಒಂದು ಟಿಎಂಸಿ ಅಂದರೆ ನೂರು ಕೋಟಿ ಘನ ಅಡಿ, 2,831 ಕೋಟಿ ಲೀಟರ್ ನೀರು. ಅಷ್ಟು ನೀರನ್ನು ಬೇರೆಯಾಗಿ ಕಣ್ಣಾರೆ ಕಂಡವರು ಯಾರು? ಆದರೂ ತುಂಗಭದ್ರಾ ಡ್ಯಾಮಿನಲ್ಲಿ ಮೊದಲು 133 ಟಿಎಂಸಿ ಹಿಡಿಯುತ್ತಿತ್ತು, ಹೂಳು ತುಂಬಿ 105ಕ್ಕೆ ಇಳಿಯಿತು ಅಂತ ಮೀಸೆ ಮೂಡದ ಹುಡುಗನೂ ಹೇಳುತ್ತಾನೆ. 2024ರ ಆಗಸ್ಟ್‌ನಲ್ಲಿ 19ನೇ ಗೇಟು ಕೊಚ್ಚಿಹೋದಾಗ ದಿನಕ್ಕೆ ಎಷ್ಟು ಟಿಎಂಸಿ ಹೋಯಿತು ಅಂತ ಮನೆಯಲ್ಲೇ ಸಾವು ಸಂಭವಿಸಿದಂತೆ ಎಣಿಸಿದೆವು. ನನ್ನನ್ನು ಕೇಳಿದರೆ ಮಾಯಾಲೋಕದ ಮಾನ ಅನ್ನಬೇಕಾದದ್ದು ಇದನ್ನೇ. ಲಾರ್ ನಮ್ಮ ಕಾಲುದಾರಿಯದು.

ಹೋದ ಹುಣ್ಣಿಮೆಗೆ ಮೂವರೂ ಬಸ್ಸು ಹತ್ತಿ ಹುಲಿಗಿಗೆ ಹೋದೆವು. ಅವ್ವನಿಗೆ ಕಿಟಕಿಯ ಸೀಟು ಸಿಕ್ಕಿತ್ತು. ಮಗಳು ಮೊಬೈಲಿನಲ್ಲಿ ಕಿಲೋಮೀಟರ್ ನೋಡಿ ಲಾರ್‌ಗೆ ತಿರುಗಿಸುವಷ್ಟರಲ್ಲಿ ಊರು ಬಂದುಬಿಟ್ಟಿತು. ಕೆಳಗಿಳಿದ ಅವ್ವ ಒಮ್ಮೆ ಬಂದ ದಾರಿಯ ಕಡೆ ತಿರುಗಿ ನೋಡಿದಳು.

“ದಾರಿ ತುಂಬ ಕುಂತs ಬಂದ್ವಿ, ಒಂದ ಸರ್ತಿನೂ ಕುಂದ್ರಲಿಲ್ಲ ನೋಡು” ಅನ್ನುತ್ತ, ಅಲ್ಲೇ ಇದ್ದ ಕಟ್ಟೆಯ ಮೇಲೆ ಕೂತು ಕಾಲುಂಗುರ ಸರಿಸತೊಡಗಿದಳು.